ಲೆಕ್ಕಕ್ಕೆ ಬಾರದ ದುಡಿಮೆ

ತುಳಸಿಗೇರಿಯ ಯಾವುದೇ ಒಕ್ಕಲು ಮನೆಗೆ ಹೋಗಿ, ಇಲ್ಲಿ ದುಡಿಯುವವರು ಎಷ್ಟು ಮಂದಿ ಎಂದು ಕೇಳಿರಿ. ಕಟ್ಟೆಯ ಮೇಲೆ ಕುಳಿತ ಯಜಮಾನರು ತಮ್ಮನ್ನೂ ತಮ್ಮ ಗಂಡುಮಕ್ಕಳನ್ನೂ ಎಣಿಸಿ ಉತ್ತರ ಕೊಡುವರು. ಮನೆಯ ಹೆಣ್ಣುಮಗಳ ಮಾತೆತ್ತಿದರೆ, "ಆಕಿ ಏನ್ ಮಾಡ್ತಾಳ್ರಿ, ಮನ್ಯಾಗ ಇರ್ತಾಳ" ಎಂದುಬಿಡುವರು. ಆ ಹೊತ್ತಿಗೆ ಆಕೆ ಎಮ್ಮೆ ಹಿಂಡಿ, ಸಗಣಿ ಬಳಿದು, ನೀರು ಹೊತ್ತು, ರೊಟ್ಟಿ ಬಡಿದು, ಬುತ್ತಿಗಂಟು ತಲೆಯ ಮೇಲಿಟ್ಟುಕೊಂಡು ಹೊಲದ ಹಾದಿ ಹಿಡಿದಿರುತ್ತಾಳೆ. ಸಂಜೆಯವರೆಗೆ ಕಳೆ ತೆಗೆಯುವವಳೂ ಅವಳೇ. ಆದರೂ ಅವಳು "ಮನೆಯಲ್ಲಿ ಇರುವವಳು!"

ಈ ತಪ್ಪು ಯಜಮಾನರೊಬ್ಬರದೇ ಅಲ್ಲ. ದೇಶದ ಅಂಕಿಸಂಖ್ಯೆಯ ಕಡತಗಳೂ ಬಹುಕಾಲ ಇದೇ ಮಾತನ್ನಾಡಿವೆ. ಆ ಕಡತಗಳನ್ನು ಬಿಚ್ಚಿ, ಇದು ಸುಳ್ಳು ಲೆಕ್ಕವೆಂದು ತೋರಿಸಿದವರಲ್ಲಿ ಕನ್ನಡ ನಾಡಿನ ಹೆಣ್ಣುಮಗಳೊಬ್ಬಳು ಮುಂಚೂಣಿಯಲ್ಲಿದ್ದಾರೆಂಬುದನ್ನು ನಮ್ಮ ಓದುಗರು ತಿಳಿದಿರಬೇಕು. ಅವರೇ ದೇವಕಿ ಜೈನ್.

ಅವರು 1933ರಲ್ಲಿ ಮೈಸೂರಿನಲ್ಲಿ ಹುಟ್ಟಿದರು. ತಂದೆ ಎಂ.ಎ. ಶ್ರೀನಿವಾಸನ್ ಮೈಸೂರು ಸಂಸ್ಥಾನದ ಮಂತ್ರಿಗಳಾಗಿದ್ದವರು. ಆಕ್ಸ್‌ಫರ್ಡಿನಲ್ಲಿ ಓದಿ, ದಿಲ್ಲಿಯ ಮಿರಾಂಡಾ ಹೌಸ್ ಕಾಲೇಜಿನಲ್ಲಿ ಅರ್ಥಶಾಸ್ತ್ರ ಕಲಿಸಿದರು. ಇಂಥ ಮನೆತನ, ಇಂಥ ವಿದ್ಯೆ ಇದ್ದವರು ಸುಖವಾಗಿ ಇದ್ದುಬಿಡಬಹುದಿತ್ತು. ಅವರು ಹಾಗೆ ಮಾಡಲಿಲ್ಲ. 1970ರ ದಶಕದಲ್ಲಿ ರಾಜಸ್ಥಾನ ಮತ್ತು ಪಶ್ಚಿಮ ಬಂಗಾಳದ ಹಳ್ಳಿಗಳಲ್ಲಿ, ಮನೆಯ ಪ್ರತಿಯೊಬ್ಬರೂ ಬೆಳಗಿನಿಂದ ರಾತ್ರಿಯವರೆಗೆ ಯಾವ ಹೊತ್ತಿನಲ್ಲಿ ಏನು ಮಾಡುವರೆಂದು ಕಣ್ಣಾರೆ ನೋಡಿ ಬರೆದಿಡುವ ಅಧ್ಯಯನ ನಡೆಸಿದರು. ಸರಕಾರಿ ಸಮೀಕ್ಷೆಯಲ್ಲಿ "ದುಡಿಯದವರು" ಎಂದು ಬರೆಯಲ್ಪಡುವಂಥ ಹೆಂಗಸರು ದಿನವಿಡೀ ದುಡಿಯುತ್ತಿದ್ದುದು ಆಗ ಬಯಲಾಯಿತು. ಕೊರತೆ ಇದ್ದದ್ದು ಹೆಂಗಸರ ದುಡಿಮೆಯಲ್ಲಲ್ಲ, ಕೇಳುವ ಪ್ರಶ್ನೆಯಲ್ಲಿ!

ವ್ಯಾಪಾರದ ಲೋಕವನ್ನೂ ಅವರು ಇದೇ ಕಣ್ಣಿನಿಂದ ನೋಡಿದರು. ಹಪ್ಪಳದ ಲಿಜ್ಜತ್ ಸಂಸ್ಥೆ, ಖೇಡಾ ಜಿಲ್ಲೆಯ ಹಾಲಿನ ಸಹಕಾರಿ, ಅಹಮದಾಬಾದಿನ ಸೇವಾ ಸಂಘ ಮೊದಲಾದವುಗಳನ್ನು ಕುರಿತ ಅವರ ಪುಸ್ತಕ 1980ರಲ್ಲಿ ಹೊರಬಂದಿತು. 1984ರಲ್ಲಿ ಬಡರಾಷ್ಟ್ರಗಳ ಮಹಿಳಾ ಚಿಂತಕರು ಬೆಂಗಳೂರಿನಲ್ಲಿ ಸೇರಿ 'ಡಾನ್' ಎಂಬ ಕೂಟ ಕಟ್ಟಿದಾಗ ಮುಂದೆ ನಿಂತವರೂ ಇವರೇ. ಟಾಂಜಾನಿಯಾದ ಜೂಲಿಯಸ್ ನೈರೇರೆಯವರ ಅಧ್ಯಕ್ಷತೆಯ ದಕ್ಷಿಣ ಆಯೋಗದಲ್ಲಿಯೂ ಕರ್ನಾಟಕದ ರಾಜ್ಯ ಯೋಜನಾ ಮಂಡಳಿಯಲ್ಲಿಯೂ ಸದಸ್ಯರಾಗಿದ್ದರು. 2006ರಲ್ಲಿ ಪದ್ಮಭೂಷಣ ಬಂದಿತು.

ಮೈಸೂರಿನಲ್ಲಿ ಬೆಳೆದ ಗೀತಾ ಗೋಪಿನಾಥ್ 2019ರಲ್ಲಿ ಅಂತರರಾಷ್ಟ್ರೀಯ ಹಣಕಾಸು ನಿಧಿಯ ಮುಖ್ಯ ಅರ್ಥಶಾಸ್ತ್ರಜ್ಞೆಯಾದಾಗ ನಾಡೆಲ್ಲ ಹಿಗ್ಗಿತು, ಹಿಗ್ಗಬೇಕಾದದ್ದೇ. ಆದರೆ ಒಬ್ಬ ಹೆಣ್ಣುಮಗಳು ಎತ್ತರದ ಕುರ್ಚಿಯಲ್ಲಿ ಕುಳಿತ ಮಾತ್ರಕ್ಕೆ ಕೆಳಗೆ ಕುಳಿತು ರೊಟ್ಟಿ ಬಡಿಯುವವಳ ದುಡಿಮೆ ಲೆಕ್ಕಕ್ಕೆ ಬಂದೀತೆಂದು ತಿಳಿಯಬಾರದು.

ನಮ್ಮ ಜಿಲ್ಲೆಯನ್ನೇ ನೋಡಿರಿ. ಇಳಕಲ್ಲಿನ ಸೀರೆ, ಗುಳೇದಗುಡ್ಡದ ಖಣ ಲೋಕಪ್ರಸಿದ್ಧ. ಮಗ್ಗದ ಮೇಲೆ ಗಂಡ ಕುಳಿತಿದ್ದರೆ, ನೂಲು ಬಿಡಿಸಿ ಕಂಡಿಕೆ ಸುತ್ತಿಕೊಡುವವಳು ಹೆಂಡತಿ. ಅವಳ ಕೈ ನಿಂತರೆ ಲಾಳಿಯೂ ನಿಲ್ಲುತ್ತದೆ. ಸೀರೆಯ ಕೂಲಿ ಮಾತ್ರ ಒಬ್ಬನ ಹೆಸರಿಗೆ ಬರುತ್ತದೆ. ಹೊಲದಲ್ಲಿಯೂ ಇದೇ ಕಥೆ: ಬೆವರು ಇಬ್ಬರದು, ಉತಾರದಲ್ಲಿ ಹೆಸರು ಬಹುಮಟ್ಟಿಗೆ ಒಬ್ಬರದು.

ಹಳ್ಳಿಗಳಲ್ಲಿ ಮಾಡಿ ತೋರಿಸಿದ ಈ ಕೆಲಸವನ್ನು ಸರಕಾರ 1998-99ರಲ್ಲಿ ಆರು ರಾಜ್ಯಗಳಲ್ಲಿ ಪರೀಕ್ಷಾರ್ಥವಾಗಿ ಕೈಗೊಂಡಿತು. ಕರ್ನಾಟಕ ಆ ಆರರಲ್ಲಿ ಇರಲಿಲ್ಲ. ಇಡೀ ದೇಶದ ಸಮಯ ಬಳಕೆ ಸಮೀಕ್ಷೆಗೆ 2019 ಬರಬೇಕಾಯಿತು. 2024ರ ಸಮೀಕ್ಷೆಯ ಪ್ರಕಾರ, ಸಂಬಳವಿಲ್ಲದ ಮನೆಗೆಲಸ ಮಾಡುವ ಹೆಂಗಸರು ಅದಕ್ಕೆ ದಿನಕ್ಕೆ ಸರಾಸರಿ 289 ನಿಮಿಷ ಕೊಡುತ್ತಾರೆ. ಮಾಡುವ ಗಂಡಸರು 88 ನಿಮಿಷ.

ಎಣಿಸಿದ ಮಾತ್ರಕ್ಕೆ ಹೊಟ್ಟೆ ತುಂಬೀತೇ ಎಂದು ಕೆಲವರು ಕೇಳುವರು. ತುಂಬಲಾರದು, ನಿಜ. ಆದರೆ ಎಣಿಕೆಗೆ ಬಾರದವರಿಗೆ ಕೂಲಿಯ ವಾದವಿಲ್ಲ, ನೇಕಾರರ ಗುರುತಿನ ಚೀಟಿಯಿಲ್ಲ, ಸಹಕಾರಿ ಸಂಘದಲ್ಲಿ ಮತವಿಲ್ಲ. ದುಡಿಯುವವಳೆಂದು ಒಪ್ಪಿದ ಮೇಲಲ್ಲವೆ ಹಕ್ಕಿನ ಮಾತು?

ಆದುದರಿಂದ ನಮ್ಮ ಬೇಡಿಕೆ ಸರಳವಾಗಿದೆ. ಸ್ವಂತ ಹೊಲದಲ್ಲಿ, ಮನೆಯ ಕಸಬಿನಲ್ಲಿ ಕೂಲಿಯಿಲ್ಲದೆ ದುಡಿಯುವುದನ್ನೂ ದುಡಿಮೆಯೆಂದೇ ಬರೆಯಬೇಕೆಂದು ಜನಗಣತಿಯ ನಿಯಮವಿದೆ. 2027ರ ಜನಗಣತಿಯಲ್ಲಿ ಗಣತಿದಾರರು ಕಟ್ಟೆಯ ಮೇಲಿನ ಉತ್ತರಕ್ಕೆ ತೃಪ್ತರಾಗದೆ, ಮನೆಯ ಹೆಣ್ಣುಮಗಳನ್ನೇ ಕೇಳಿ ಬರೆದುಕೊಳ್ಳಲಿ. ನೇಕಾರ ಸಂಘಗಳು ಕಂಡಿಕೆ ಸುತ್ತುವವರನ್ನೂ ಸದಸ್ಯರನ್ನಾಗಿ ಮಾಡಿಕೊಳ್ಳಲಿ. ಅಕ್ಕ-ತಂಗಿಯರೇ, ಗಣತಿಯವರು ಬಾಗಿಲಿಗೆ ಬಂದಾಗ ಒಳಗೆ ಉಳಿಯಬೇಡಿರಿ. ಹೊರಗೆ ಬಂದು, "ನಾನೂ ದುಡಿಯುತ್ತೇನೆ, ಬರೆದುಕೊಳ್ಳಿರಿ" ಎಂದು ಹೇಳಿರಿ.