ಚಪ್ಪಾಳೆ ನಿಂತ ಬಳಿಕ ಉಳಿಯುವುದೇನು?

ಕೋಟು, ಟೈ ಮತ್ತು ಬಿಳಿ ಟೋಪಿ ಧರಿಸಿದ ವೈದ್ಯರೊಬ್ಬರು ಕುರ್‌ಆನ್, ಬೈಬಲ್ ಹಾಗೂ ವೇದಗಳ ಉಲ್ಲೇಖಗಳನ್ನು ಅಧ್ಯಾಯ, ಸಂಖ್ಯೆಗಳ ಸಮೇತ ನೆನಪಿನಿಂದಲೇ ಒಪ್ಪಿಸುತ್ತಿದ್ದ ದೃಶ್ಯವನ್ನು ಹೊಸಪೇಟೆ, ಕಂಪ್ಲಿ, ಸಂಡೂರಿನಂತಹ ಪಟ್ಟಣಗಳ ನಮ್ಮ ಕುಟುಂಬಗಳು ಮರೆತಿರಲಾರವು. ಡಾ. ಝಾಕಿರ್ ನಾಯ್ಕ್‌ರನ್ನು ಕೆಲವರು ತಲೆಯ ಮೇಲೆ ಹೊತ್ತರು, ಕೆಲವರು ಶತ್ರುವೆಂದು ಸಾರಿದರು. ಆದರೆ ಒಬ್ಬ ಪ್ರಚಾರಕನ ಬದುಕನ್ನು ತೂಗಬೇಕಾದದ್ದು ಅಭಿಮಾನದಿಂದಲೂ ಅಲ್ಲ, ದ್ವೇಷದಿಂದಲೂ ಅಲ್ಲ, ನ್ಯಾಯದ ತಕ್ಕಡಿಯಿಂದ.

1965ರಲ್ಲಿ ಮುಂಬೈಯಲ್ಲಿ ಜನಿಸಿದ ಅವರು ಓದಿದ್ದು ಎಂ.ಬಿ.ಬಿ.ಎಸ್. ಮದ್ರಸಾದಲ್ಲಿ ಕಲಿತವರಲ್ಲ. ದಕ್ಷಿಣ ಆಫ್ರಿಕಾದ ಅಹ್ಮದ್ ದೀದಾತ್‌ರಿಂದ ಪ್ರಭಾವಿತರಾಗಿ 1991ರಲ್ಲಿ ಇಸ್ಲಾಮಿಕ್ ರಿಸರ್ಚ್ ಫೌಂಡೇಶನ್ ಕಟ್ಟಿದರು. 2006ರಲ್ಲಿ ಪೀಸ್ ಟಿ.ವಿ. ಆರಂಭವಾಯಿತು. ಅದೇ ವರ್ಷದ ಜನವರಿ 21ರಂದು ಬೆಂಗಳೂರಿನಲ್ಲಿ ಶ್ರೀ ಶ್ರೀ ರವಿಶಂಕರ್ ಗುರೂಜಿಯವರೊಂದಿಗೆ ದೇವರ ಪರಿಕಲ್ಪನೆಯ ಕುರಿತು ಸಂವಾದ ನಡೆಸಿದರು.

ಅವರಿಂದ ಸಮುದಾಯಕ್ಕೆ ಲಾಭವಾಗಲಿಲ್ಲವೆಂದರೆ ಅದು ಅನ್ಯಾಯವಾದೀತು. ಇಂಗ್ಲಿಷ್ ಕಲಿತ ಯುವಕರಲ್ಲಿದ್ದ ಕೀಳರಿಮೆ ಕರಗಿತು. ಧರ್ಮಗ್ರಂಥವನ್ನು ಬಟ್ಟೆಯಲ್ಲಿ ಸುತ್ತಿ ಕಪಾಟಿನಲ್ಲಿಟ್ಟಿದ್ದ ಮನೆಗಳಲ್ಲಿ ಅದರ ಅರ್ಥ ತಿಳಿಯುವ ಹಂಬಲ ಹುಟ್ಟಿತು.

ಆದರೆ ನಷ್ಟದ ಲೆಕ್ಕವನ್ನೂ ನಾವು ಮುಚ್ಚಿಡಬಾರದು. ಬೆಂಗಳೂರಿನ ಆ ಸಂವಾದದಿಂದ ನಮ್ಮಲ್ಲಿ ಎಷ್ಟು ಮಂದಿ ನೆರೆಯವರ ನಂಬಿಕೆಯನ್ನು ಅರಿತರು? ಗೆದ್ದವರು ಯಾರು ಎಂಬ ಪ್ರಶ್ನೆಯೇ ಮುಖ್ಯವಾಗಿಬಿಟ್ಟಿತಲ್ಲವೇ? ವೇದಿಕೆಯ ಸ್ವಭಾವವೇ ಹಾಗೆ. ಅಲ್ಲಿ ಎದುರಾಳಿ ಬೇಕು, ಚಪ್ಪಾಳೆ ಬೇಕು. ಕುರ್‌ಆನ್ (16:125) ಬಯಸುವುದಾದರೋ ವಿವೇಕವನ್ನು, ಸದುಪದೇಶವನ್ನು, ಸೌಜನ್ಯದ ಸಂವಾದವನ್ನು.

ಒಸಾಮಾ ಬಿನ್ ಲಾದಿನ್‌ನನ್ನು ಖಂಡಿಸಲು ಒಪ್ಪದ ಅವರ ಮಾತುಗಳು 2010ರಲ್ಲಿ ಬ್ರಿಟನ್ ಪ್ರವೇಶ ನಿಷೇಧಕ್ಕೆ ಕಾರಣಗಳಲ್ಲೊಂದಾದವು. 2016ರ ಜುಲೈಯಲ್ಲಿ ನಡೆದ ಢಾಕಾ ದಾಳಿಯ ಬಳಿಕ ಅವರ ಪ್ರಚೋದನೆಯ ಕುರಿತು ಆರೋಪಗಳೆದ್ದವು. ಬಾಂಗ್ಲಾದೇಶ ಪೀಸ್ ಟಿ.ವಿ.ಯನ್ನು ನಿಷೇಧಿಸಿತು. ಅದೇ ನವೆಂಬರ್‌ನಲ್ಲಿ ಭಾರತ ಸರಕಾರ ಅವರ ಸಂಸ್ಥೆಯನ್ನು ನಿಷೇಧಿಸಿತು. ಅವರು ಆರೋಪಗಳನ್ನು ನಿರಾಕರಿಸಿ ಮಲೇಶ್ಯಾದಲ್ಲಿ ನೆಲೆಸಿದರು. ಅಪರಾಧ ನಿರ್ಣಯವಾಗಬೇಕಾದದ್ದು ನ್ಯಾಯಾಲಯದಲ್ಲಿ, ಟಿ.ವಿ. ಸ್ಟುಡಿಯೋಗಳಲ್ಲಲ್ಲ ಎಂಬುದರಲ್ಲಿ ನಮಗೆ ಸಂಶಯವಿಲ್ಲ. ಆದರೆ 2019ರಲ್ಲಿ ಆಶ್ರಯ ಕೊಟ್ಟ ಮಲೇಶ್ಯಾದಲ್ಲೇ ಅಲ್ಲಿನ ಹಿಂದೂಗಳು ಮತ್ತು ಚೀನೀಯರ ಕುರಿತಾದ ಅವರ ಮಾತು ವಿವಾದವಾಗಿ, ತಮ್ಮ ಮಾತಿನಿಂದ ನೊಂದವರಲ್ಲಿ ಅವರು ಕ್ಷಮೆ ಕೇಳಬೇಕಾಯಿತು. ನಾಲಿಗೆ ಅಮಾನತ್ತಾಗಿದೆ. ಲಕ್ಷಾಂತರ ಮಂದಿ ಆಲಿಸುವ ನಾಲಿಗೆಯ ಹೊಣೆ ಇನ್ನೂ ದೊಡ್ಡದು.

ಧರ್ಮವನ್ನು ಪರಿಚಯಿಸಲು ಇನ್ನೊಂದು ದಾರಿಯೂ ಇದೆ. ಅದರ ಗುರುತು ನಮ್ಮ ಹಂಪಿಯಲ್ಲೇ ಇದೆ. ವಿರೂಪಾಕ್ಷ ದೇಗುಲದೆದುರಿನ ಹಂಪಿ ಬಜಾರ್ ನೋಡಿ ಮರಳುವವರಲ್ಲಿ ಹೆಚ್ಚಿನವರು ತಳವಾರಘಟ್ಟದ ಕಡೆಗಿರುವ ಅಹ್ಮದ್ ಖಾನನ ಮಸೀದಿಯನ್ನು ನೋಡುವುದಿಲ್ಲ. ಗುಮ್ಮಟವಿಲ್ಲ, ಮಿನಾರವಿಲ್ಲ. ಊರಿನ ಮಂಟಪಗಳಂತೆಯೇ ಕಲ್ಲುಕಂಬಗಳ ಕಟ್ಟಡ. ಎರಡನೇ ದೇವರಾಯನ ಸೇವೆಯಲ್ಲಿದ್ದ ಅಹ್ಮದ್ ಖಾನ್ 1439ರಲ್ಲಿ ಅದನ್ನು ಕಟ್ಟಿಸಿ, ಶಾಸನದಲ್ಲಿ ಧರ್ಮಸಾಲೆಯೆಂದು ಕರೆದು, ತನ್ನ ರಾಜನ ಪುಣ್ಯಕ್ಕಾಗಿ ಅರ್ಪಿಸಿದ. ಆ ರಾಜನೋ, ಮುಸ್ಲಿಮ್ ಸೈನಿಕರು ನಮಿಸುವಾಗ ಮನಸ್ಸಾಕ್ಷಿಗೆ ನೋವಾಗದಿರಲೆಂದು ಸಿಂಹಾಸನದ ಮುಂದೆ ಕುರ್‌ಆನ್ ಇರಿಸಿದ್ದನೆಂದು ಇತಿಹಾಸಕಾರ ಫಿರಿಶ್ತಾ ಬರೆದಿದ್ದಾನೆ. ಅಹ್ಮದ್ ಖಾನ್ ತನ್ನ ಧರ್ಮವನ್ನು ಬಿಡಲಿಲ್ಲ, ರಾಜನನ್ನು ವಾದದಲ್ಲಿ ಸೋಲಿಸಲೂ ಹೋಗಲಿಲ್ಲ.

ಇಂದು ಟಿ.ವಿ.ಯ ಸ್ಥಾನವನ್ನು ಮೊಬೈಲ್ ಆಕ್ರಮಿಸಿದೆ. ಎರಡು ನಿಮಿಷದ ತುಣುಕು ನೋಡಿ ಧರ್ಮ ಅರಿತೆವೆಂದು ನಮ್ಮ ಮಕ್ಕಳು ಭಾವಿಸುತ್ತಿದ್ದಾರೆ. ತಂದೆ ತಾಯಂದಿರಲ್ಲಿ ನಮ್ಮದೊಂದು ವಿನಂತಿ. ಅವರನ್ನು ಕನ್ನಡದಲ್ಲಿ ಕುರ್‌ಆನ್ ಓದಲು ಕೂರಿಸಿರಿ, ಪ್ರಶ್ನೆ ಕೇಳಲು ಬಿಡಿರಿ, ಒಬ್ಬ ಗುರುವಿನ ಬಳಿಗೆ ಕಳುಹಿಸಿರಿ. ಬಜಾರಿನ ತಕ್ಕಡಿ ಸರಿಯಾಗಿರಲಿ, ಕೊಟ್ಟ ಮಾತು ಉಳಿಯಲಿ, ನೆರೆಯವರ ಕಷ್ಟಕ್ಕೆ ಮೊದಲು ನಮ್ಮ ಬಾಗಿಲು ತೆರೆಯಲಿ. ಆ ಪ್ರವಚನಕ್ಕೆ ಉಪಗ್ರಹವೂ ಬೇಡ, ಪರವಾನಗಿಯೂ ಬೇಡ.