ಬ್ಯಾಳಿ ಹಡಗಿನ್ಯಾಗ ಬಂತು, ಕೇರಿಗೆ ಬರಲಿಲ್ಲ

ಬೇಳೆಯ ಬೆಲೆ ಏರಿದಾಗೆಲ್ಲ ದೆಹಲಿಯಿಂದ ಒಂದೇ ಮಾತು ಬರುತ್ತದೆ. ಬಡವರಿಗೆ ತೊಂದರೆ ಆಗಬಾರದು, ಅದಕ್ಕೇ ಹೊರದೇಶದಿಂದ ಬೇಳೆಕಾಳು ತರಿಸುತ್ತಿದ್ದೇವೆ ಎಂಬ ಮಾತು. ಆ ಬಡವರು ಯಾರು? ನಾವೇ ಅಲ್ಲವೆ? ನಮ್ಮ ಹೆಸರಿನಲ್ಲಿ ಹಡಗು ಬಂತು. ನಮ್ಮ ಹೆಸರಿನಲ್ಲಿ ಸುಂಕ ಮಾಫಿಯಾಯಿತು. ನಮ್ಮ ಹೆಸರಿನಲ್ಲಿ ಕಾಗದಕ್ಕೆ ಸಹಿ ಬಿತ್ತು. ಹಾಗಾದರೆ ಲೆಕ್ಕ ಕೇಳುವ ಹಕ್ಕೂ ನಮ್ಮದೇ. ಇಲ್ಲಿ ಕೇಳುತ್ತಿದ್ದೇವೆ.

"ಮಂಡಿ ಧಾರಣಿ, ಆಮದು ಸುಂಕ, ಇದೆಲ್ಲ ಸಾಹುಕಾರರ ಮಾತು, ನಮಗ್ಯಾಕ ಬೇಕ್ರಿ?" ಎಂದು ನಮ್ಮ ಹುಡುಗರೇ ಕೇಳುತ್ತಾರೆ. ಬೇಕು. ಬಾಬಾಸಾಹೇಬರು ಅರ್ಥಶಾಸ್ತ್ರ ಓದಿದ್ದು ಸುಮ್ಮನೆ ಅಲ್ಲ. 1923ರಲ್ಲೇ ರೂಪಾಯಿಯ ಸಮಸ್ಯೆ ಕುರಿತು ಪುಸ್ತಕ ಬರೆದವರು ಅವರು. ರೂಪಾಯಿ ಯಾರ ಕೈಯಿಂದ ಯಾರ ಕೈಗೆ ಹೋಗುತ್ತದೆಂದು ಗೊತ್ತಿಲ್ಲದವನ ಹೊಟ್ಟೆಯ ಮೇಲೆ ಇನ್ನೊಬ್ಬ ಬಂದು ಕೂಡುತ್ತಾನೆ.

ನಾವು ಕಲಬುರಗಿ ಕಡೆಯವರು. ನಮ್ಮ ಜಿಲ್ಲೆ ತೊಗರಿಯ ಕಣಜ ಎಂದು ಶಾಲೆಯಲ್ಲಿ ಬಾಯಿಪಾಠ ಮಾಡಿದವರು. 2019ರಲ್ಲಿ ಕಲಬುರಗಿ ತೊಗರಿಬೇಳೆಗೆ ಜಿಐ ಪಟ್ಟವೂ ಸಿಕ್ಕಿತು. ನೆಲದ ಗುಣ, ನೀರಿನ ಗುಣ, ಕಾಳಿನ ರುಚಿ ಎಂದೆಲ್ಲ ಹೊಗಳಿದರು. ಅದನ್ನು ಕೊಯ್ದ ಕೈಯ ಗುಣ ಯಾರೂ ಬರೆಯಲಿಲ್ಲ. ಪುಷ್ಯದ ಚಳಿಯಲ್ಲಿ ಕುಡುಗೋಲು ಹಿಡಿದು ತೊಗರಿ ಕೊಯ್ಯುವವರು ನಮ್ಮ ಅವ್ವಂದಿರು. ಕಣದಲ್ಲಿ ಧೂಳು ಕುಡಿದು ರಾಶಿ ಮಾಡುವವರು ನಮ್ಮ ಅಪ್ಪಂದಿರು. ಮಂಡಿಯಲ್ಲಿ ಚೀಲ ಹೊರುವ ಹಮಾಲರಲ್ಲಿ, ದಾಲ್ ಮಿಲ್ಲಿನಲ್ಲಿ ಕಾಳು ಹಸನು ಮಾಡುವ ಹೆಣ್ಣುಮಕ್ಕಳಲ್ಲಿ ನಮ್ಮ ಕೇರಿಯವರು ಎಷ್ಟು ಮಂದಿ ಇದ್ದಾರೆಂದು ಹೋಗಿ ನೋಡಿ. ರಾಶಿ ಮುಗಿದ ಮೇಲೆ ಕಾಳು ಸಾಹುಕಾರನಿಗೆ, ಹೊಟ್ಟು ಅವನ ದನಕ್ಕೆ. ತೊಗರಿಕಟಗಿ ನಮ್ಮ ಒಲೆಗೆ. ಆ ಒಲೆಯ ಮೇಲೆ ಬೇಯಿಸಲು ಬ್ಯಾಳಿ ಬೇಕಲ್ಲ? ಅದಕ್ಕೆ ಅಂಗಡಿಗೆ ಹೋಗಿ ಕಾಲು ಕಿಲೋ ಕಟ್ಟಿಸಿಕೊಂಡು ಬರಬೇಕು. ನಾವೇ ಕೊಯ್ದದ್ದನ್ನು ನಾವೇ ಉದ್ರಿ ತರಬೇಕು.

ಸರಕಾರದ್ದೇ ಲೆಕ್ಕ ತೆಗೆದುಕೊಳ್ಳೋಣ. 1961ರಲ್ಲಿ ಈ ದೇಶದಲ್ಲಿ ತಲೆಗೆ ದಿನಕ್ಕೆ 69 ಗ್ರಾಂ ಬೇಳೆಕಾಳು ಇತ್ತು. 2001ಕ್ಕೆ ಅದು 30 ಗ್ರಾಮಿಗೆ ಇಳಿಯಿತು. ನಡುವಿನ ನಲವತ್ತು ವರ್ಷದಲ್ಲಿ ಏನಾಯಿತು? ಹಸಿರು ಕ್ರಾಂತಿಯಾಯಿತು. ನೀರು, ಗೊಬ್ಬರ, ಖಾತ್ರಿ ಬೆಲೆ, ಸರಕಾರಿ ಖರೀದಿ ಎಲ್ಲವೂ ಗೋಧಿಗೆ, ಭತ್ತಕ್ಕೆ ಹೋಯಿತು. ತೊಗರಿ, ಹೆಸರು, ಉದ್ದು ಮಳೆ ನಂಬಿದ ಒಣಭೂಮಿಯಲ್ಲಿ ಉಳಿದವು. ನೀರಾವರಿಯವನಿಗೆ ಒಂದು ನ್ಯಾಯ, ಒಣಬೇಸಾಯದವನಿಗೆ ಇನ್ನೊಂದು ನ್ಯಾಯ. ಭೂಮಿಯಲ್ಲೂ ಮೇಲು-ಕೀಳು ಮಾಡುವ ಬುದ್ಧಿ ಈ ದೇಶಕ್ಕೆ ಎಲ್ಲಿಂದ ಬಂತೆಂದು ನಮಗೆ ಯಾರೂ ಹೇಳಿಕೊಡಬೇಕಿಲ್ಲ.

ಫಲ ಇಷ್ಟು: ಲೋಕದಲ್ಲೇ ಅತಿ ಹೆಚ್ಚು ಬೇಳೆಕಾಳು ಬೆಳೆಯುವ ದೇಶ ನಮ್ಮದು, ಅತಿ ಹೆಚ್ಚು ತಿನ್ನುವ ದೇಶವೂ ನಮ್ಮದು, ಅತಿ ಹೆಚ್ಚು ಹೊರಗಿನಿಂದ ತರಿಸುವ ದೇಶವೂ ನಮ್ಮದೇ. ಬರ್ಮಾದಿಂದ ಲೆಮನ್ ತೊಗರಿ ಮತ್ತು ಉದ್ದು, ಮೊಜಾಂಬಿಕ್, ತಾಂಜಾನಿಯಾ, ಮಲಾವಿಯಿಂದ ತೊಗರಿ, ಕೆನಡಾ, ರಷ್ಯಾದಿಂದ ಹಳದಿ ಬಟಾಣಿ, ಕೆನಡಾ, ಆಸ್ಟ್ರೇಲಿಯಾದಿಂದ ಮಸೂರಿ.

ಇನ್ನು 2015ಕ್ಕೆ ಬರೋಣ. ಮಳೆ ಎರಡು ವರ್ಷ ಕೈಕೊಟ್ಟಿತ್ತು. ಆ ವರ್ಷ ದಸರೆಯ ಹೊತ್ತಿಗೆ ತೊಗರಿಬೇಳೆ ಕಿಲೋಗೆ 200 ರೂಪಾಯಿ ಮುಟ್ಟಿತು. ಅದೇ ವರ್ಷ ಕರ್ನಾಟಕದಲ್ಲಿ ಉದ್ಯೋಗ ಖಾತ್ರಿಯ ದಿನಗೂಲಿ 204 ರೂಪಾಯಿ. ಇಡೀ ದಿನ ಮಣ್ಣು ಹೊತ್ತರೆ ಒಂದು ಕಿಲೋ ಬೇಳೆ! ಪತ್ರಿಕೆಯವರು ಬೆಲೆಯನ್ನು ರೂಪಾಯಿಯಲ್ಲಿ ಬರೆಯುತ್ತಾರೆ. ನಾವು ಅದನ್ನು ಕೂಲಿಯಲ್ಲಿ ಅಳೆಯಬೇಕು. ಹಾಗೆ ಅಳೆದಾಗಲೇ ಬೆಲೆಯ ನಿಜವಾದ ಭಾರ ಗೊತ್ತಾಗುವುದು.

ಆಗ ಸರಕಾರ ಬಂದರಿನ ಬಾಗಿಲನ್ನು ಅಗಲ ತೆರೆಯಿತು. 2016ರ ಜುಲೈನಲ್ಲಿ ಮೊಜಾಂಬಿಕ್ ಜತೆ ಒಪ್ಪಂದವಾಯಿತು. ಮೊದಲ ವರ್ಷ 1 ಲಕ್ಷ ಟನ್, ಏರುತ್ತ ಏರುತ್ತ 2020-21ಕ್ಕೆ 2 ಲಕ್ಷ ಟನ್ ತರಿಸುವ ಒಪ್ಪಂದ. ಇತ್ತ ನಮ್ಮ ರೈತರಿಗೂ ಬೆಳೆಯಿರಿ ಬೆಳೆಯಿರಿ ಎಂದು ಬೆನ್ನು ತಟ್ಟಿದರು. ಬೋನಸ್ ಸೇರಿಸಿ ಕ್ವಿಂಟಲಿಗೆ 5,050 ರೂಪಾಯಿ ಬೆಂಬಲ ಬೆಲೆ ಎಂದರು. ನಂಬಿ ಬಿತ್ತಿದರು. ಮಳೆಯೂ ಬಂತು. 2016-17ರಲ್ಲಿ ದೇಶದಲ್ಲಿ 48 ಲಕ್ಷ ಟನ್ನಿನಷ್ಟು ತೊಗರಿ ಬೆಳೆಯಿತು. ಅದೇ ವರ್ಷ ಹೊರಗಿನಿಂದ ಬಂದ ಒಟ್ಟು ಬೇಳೆಕಾಳು 66 ಲಕ್ಷ ಟನ್ನಿನಷ್ಟು! ಒಂದು ಕೈಯಲ್ಲಿ ಬೆಳೆಯಿರಿ ಎಂದವರು ಇನ್ನೊಂದು ಕೈಯಲ್ಲಿ ಬಂದರು ತೆರೆದಿಟ್ಟರು. ಧಾರಣೆ ಬೆಂಬಲ ಬೆಲೆಗಿಂತ ಕೆಳಗೆ ಬಿತ್ತು. ಖರೀದಿ ಕೇಂದ್ರದ ಮುಂದೆ ರೈತರು ಚೀಲ ಇಟ್ಟುಕೊಂಡು ಕಾದರು.

ನಿಜ ಹೇಳಬೇಕು. ಆಗ ಅಂಗಡಿಯಲ್ಲಿ ಬೇಳೆ ಅಗ್ಗವಾಯಿತು. ಕೆಲವು ತಿಂಗಳು ನಮ್ಮ ಗಡಿಗೆಯಲ್ಲೂ ಬ್ಯಾಳಿ ಗಟ್ಟಿಯಾಯಿತು. ಆದರೆ ಧಾರಣೆ ಬಿದ್ದ ಊರಲ್ಲಿ ಮೊದಲು ಕತ್ತರಿ ಬೀಳುವುದು ಯಾವುದಕ್ಕೆ? ಕೂಲಿಗೆ. "ನನಗೇ ಗಿಟ್ಟಿಲ್ಲ, ನಿನಗೆಲ್ಲಿಂದ ಕೊಡ್ಲಿ?" ಎಂಬ ಮಾತು ಕೇಳದ ಆಳು ಯಾರಿದ್ದಾರೆ? ಹಾಗಂತ ಧಾರಣೆ ಏರಿದ ವರ್ಷ ಅದೇ ಗೌಡ ಕರೆದು ಕೂಲಿ ಹೆಚ್ಚಿಸಿದ್ದನ್ನು ಕಂಡವರಿದ್ದರೆ ಮುಂದಿನ ಸಭೆಗೆ ಕರೆತನ್ನಿ, ಹಾರ ಹಾಕೋಣ. ಬೆಲೆ ಏರಿದರೆ ತಟ್ಟೆಗೆ ಹೊಡೆತ, ಇಳಿದರೆ ಕೂಲಿಗೆ ಹೊಡೆತ. ಯಾವ ಗಾಳಿ ಬೀಸಿದರೂ ಹಾರುವುದು ನಮ್ಮದೇ ಗುಡಿಸಲ ಚಪ್ಪರ.

2017ರ ಆಗಸ್ಟಿನಲ್ಲಿ ಸರಕಾರ ಅದೇ ಬಾಗಿಲನ್ನು ದಢಾರನೆ ಮುಚ್ಚಿತು. ವರ್ಷಕ್ಕೆ ತೊಗರಿ 2 ಲಕ್ಷ ಟನ್ ಮಾತ್ರ ಎಂದಿತು. ನವೆಂಬರಿನಲ್ಲಿ ಹಳದಿ ಬಟಾಣಿಗೆ ಶೇಕಡ 50 ಸುಂಕ, ಡಿಸೆಂಬರಿನಲ್ಲಿ ಕಡಲೆ, ಮಸೂರಿಗೆ ಶೇಕಡ 30 ಸುಂಕ. ನಮ್ಮ ರೈತನಿಗೆ ಒಳ್ಳೆಯದೇ ಆಯಿತಲ್ಲ ಎನ್ನುತ್ತೀರಿ. ಆದರೆ ಸಮುದ್ರದ ಆಚೆ ನೋಡಿ. ಮೊಜಾಂಬಿಕ್‌ನ ಸಣ್ಣ ರೈತರು ತಾವು ತಿನ್ನಲೆಂದು ಅಷ್ಟು ತೊಗರಿ ಬೆಳೆದವರಲ್ಲ. ಭಾರತ ಕೊಳ್ಳುತ್ತದೆಂಬ ಮಾತು ನಂಬಿ ಬೆಳೆದವರು. ಕಾಳು ಕೈಗೆ ಬರುವ ಹೊತ್ತಿಗೆ ಕೊಳ್ಳುವವನು ಬಾಗಿಲು ಹಾಕಿದ. ಅಲ್ಲಿ ಧಾರಣೆ ನೆಲಕಚ್ಚಿತು. ಬೆಲೆಯನ್ನು ತಾನು ಹೇಳಲಾರದ, ತೂಕವನ್ನು ತಾನು ಹಿಡಿಯಲಾರದ ಆ ಕರಿಯ ರೈತ ಹೆಂಗಸು ಯಾರು? ನಮ್ಮ ಕೇರಿಯ ಅವ್ವನೇ. ಆಕೆಯ ತೊಗರಿ ನಮ್ಮ ಶತ್ರುವಲ್ಲ. ಆಫ್ರಿಕಾದವರು ನಮ್ಮ ಹೊಟ್ಟೆಗೆ ಹೊಡೆದರು ಎಂದು ಭಾಷಣ ಬಿಗಿಯುವವರ ಜತೆ ನಾವು ಚಪ್ಪಾಳೆ ತಟ್ಟಬಾರದು. ಕಲಬುರಗಿಯ ಆಳಿಗೂ ಮೊಜಾಂಬಿಕ್‌ನ ರೈತಳಿಗೂ ನಡುವೆ ಗೋದಾಮು ಕಟ್ಟಿಕೊಂಡು ಕೂತವನು ಬೇರೆಯೇ ಇದ್ದಾನೆ.

ಮುಂದಿನ ಕಥೆಯೂ ಅದೇ. 2021ರ ಮೇ 15ಕ್ಕೆ ತೊಗರಿ, ಉದ್ದು, ಹೆಸರಿನ ಆಮದು ಮತ್ತೆ ಮುಕ್ತ. 2023ರ ಮಾರ್ಚಿನಲ್ಲಿ ಇಡಿ ತೊಗರಿಯ ಮೇಲಿದ್ದ ಶೇಕಡ 10 ಸುಂಕವೂ ಹೋಯಿತು. ಮುಕ್ತ ಆಮದಿನ ಗಡುವನ್ನು 2024ರ ಮಾರ್ಚಿಗೆ, 2025ರ ಮಾರ್ಚಿಗೆ, 2026ರ ಮಾರ್ಚಿಗೆ ಎಂದು ಕಂತುಕಂತಾಗಿ ಮುಂದೂಡಿದರು. ಕಲಬುರಗಿಯಲ್ಲಿ 2022-23ರಲ್ಲಿ ನೆಟೆರೋಗ ಬಿದ್ದು ನಿಂತ ತೊಗರಿ ನಿಂತಲ್ಲೇ ಒಣಗಿತ್ತು. ಕಾಳು ಇಲ್ಲದ ವರ್ಷ ಧಾರಣೆ ಏರಿತು. ಕೈಯಲ್ಲಿ ಬೆಳೆ ಇಲ್ಲದ ರೈತನಿಗೆ ಆ ಧಾರಣೆ ಯಾವ ಸುಖಕ್ಕೆ? 2023ರ ಡಿಸೆಂಬರಿನಲ್ಲಿ ಹಳದಿ ಬಟಾಣಿಗೂ ಸುಂಕ ಮಾಫಿ. ಅತ್ಯಂತ ಅಗ್ಗದ ಈ ಕಾಳು ಬಂದು ಕಡಲೆಯ ಜಾಗದಲ್ಲಿ ಕೂತಿತು, ಕಡಲೆಹಿಟ್ಟಿನೊಳಗೂ ಸೇರಿತು. 2024-25ರಲ್ಲಿ ಒಟ್ಟು ಆಮದು 70 ಲಕ್ಷ ಟನ್ ದಾಟಿತು, ಹಿಂದೆಂದೂ ಇಲ್ಲದಷ್ಟು. 2025ರ ಆರಂಭಕ್ಕೆ ತೊಗರಿ ಧಾರಣೆ ಆ ವರ್ಷದ ಬೆಂಬಲ ಬೆಲೆಯಾದ 7,550ಕ್ಕಿಂತ ಕೆಳಗಿಳಿಯಿತು. ರಾಜ್ಯ ಸರಕಾರ 450 ರೂಪಾಯಿ ಮೇಲೆ ಕೊಡುತ್ತೇನೆ ಎನ್ನಬೇಕಾಯಿತು. ಕೂಗು ಜೋರಾದ ಮೇಲೆ 2025ರ ನವೆಂಬರ್ 1ರಿಂದ ಹಳದಿ ಬಟಾಣಿಗೆ ಮತ್ತೆ ಶೇಕಡ 30 ಸುಂಕ.

ತೆರೆ, ಮುಚ್ಚು. ತೆರೆ, ಮುಚ್ಚು. ಈ ಆಟದಲ್ಲಿ ಗೆಲ್ಲುವವನು ಯಾರು? ಆಷಾಢದಲ್ಲಿ ಬಿತ್ತಿದವನು ಪುಷ್ಯದ ತನಕ ಕಾಯಬೇಕು, ನಡುವೆ ದೆಹಲಿಯ ಒಂದು ಅಧಿಸೂಚನೆ ಅವನ ವರ್ಷವನ್ನೇ ನುಂಗಬಹುದು. ಆಳಿಗೆ ಅಧಿಸೂಚನೆ ಎಂಬ ಪದವೇ ತಲುಪುವುದಿಲ್ಲ. ಅದನ್ನು ಅಂದೇ ಓದಿ, ಅಂದೇ ಫೋನು ಮಾಡಿ, ಗೋದಾಮಿನ ಬೀಗ ಹಾಕುವವನು ಅಥವಾ ತೆಗೆಯುವವನು ಇದ್ದಾನಲ್ಲ, ಗೆಲ್ಲುವವನು ಅವನು. ಬೆಲೆ ಏರಿದರೂ ಅವನಿಗೆ ಲಾಭ, ಇಳಿದರೂ ಅವನಿಗೆ ಲಾಭ.

ಆಮದು ನಿಲ್ಲಿಸಿ ಎಂದು ರೈತ ಸಂಘಟನೆಯ ಅಣ್ಣಂದಿರು ಹೇಳುತ್ತಾರೆ. ನಿಮ್ಮ ಸಿಟ್ಟು ನ್ಯಾಯವಾದದ್ದೇ, ನಿಮ್ಮ ಧರಣಿಗೆ ನಾವೂ ಬರುತ್ತೇವೆ. ಆದರೆ ಒಂದು ಮಾತು ಕೇಳುತ್ತೇವೆ, ಸಿಟ್ಟಾಗಬೇಡಿ. ನಿಮ್ಮ ಬೇಡಿಕೆ ಪಟ್ಟಿಯಲ್ಲಿ ಕೊಯ್ಯುವವಳ ಕೂಲಿ ಎಷ್ಟನೇ ಸಾಲಿನಲ್ಲಿದೆ? ಹೆಣ್ಣಾಳಿಗೆ ಗಂಡಾಳಿಗಿಂತ ಕಡಿಮೆ ಕೊಡುವ ಪದ್ಧತಿ ಯಾವ ದೇಶದಿಂದ ಆಮದಾಯಿತು? 2011ರ ಜನಗಣತಿಯಲ್ಲಿ ಪರಿಶಿಷ್ಟ ಜಾತಿಯವರು ದೇಶದ ಜನರಲ್ಲಿ ಶೇಕಡ 16.6. 2015-16ರ ಕೃಷಿ ಗಣತಿಯಲ್ಲಿ ನಾವು ಸಾಗು ಮಾಡುವ ಭೂಮಿ ಶೇಕಡ 9ಕ್ಕಿಂತ ಕಡಿಮೆ. ಭೂಮಿಯೇ ಇಲ್ಲದವನಿಗೆ ಬೆಂಬಲ ಬೆಲೆ ಎಂದರೆ ಬಾಗಿಲಿಲ್ಲದ ಮನೆಗೆ ಬೀಗ ಕೊಟ್ಟಂತೆ. ಎರಡೆಕರೆ ಇದ್ದವನೂ ಸಾಲಕ್ಕೆ ಹೆದರಿ ಕಣದಲ್ಲೇ ಮಾರಿ ಕೈ ತೊಳೆದುಕೊಳ್ಳುತ್ತಾನೆ. ಖರೀದಿ ಕೇಂದ್ರದಲ್ಲಿ ಪಹಣಿ ಕೇಳುತ್ತಾರೆ, ಕೋರಿಗೆ ಮಾಡಿದವನ ಹತ್ತಿರ ಅದೂ ಇರುವುದಿಲ್ಲ.

ಬೇಳೆ ಅಗ್ಗವಾಗಲಿ ಎಂದು ಪಟ್ಟಣದ ವಿದ್ಯಾವಂತರು ಹೇಳುತ್ತಾರೆ. ಅವರಿಗೂ ಒಂದು ಪ್ರಶ್ನೆ. ನಮ್ಮ ಜನಕ್ಕೆ ಅಗ್ಗದ ಸತ್ವದ ಊಟ ಒಂದಿತ್ತು. 2020ರ ಗೋಹತ್ಯೆ ನಿಷೇಧ ಕಾಯಿದೆ ತಂದು ಅದನ್ನೂ ತಟ್ಟೆಯಿಂದ ಎಳೆದರು. ಮಾಂಸ ಬಿಡಿ, ಬೇಳೆ ತಿನ್ನಿ ಎಂದರು. ಆ ಬೇಳೆ ಎಲ್ಲಿ? 2013ರ ಆಹಾರ ಭದ್ರತಾ ಕಾಯಿದೆಯಲ್ಲಿ ಅಕ್ಕಿ ಇದೆ, ಗೋಧಿ ಇದೆ, ಜೋಳ-ರಾಗಿ ಇದೆ. ಬೇಳೆಯ ಹಕ್ಕು ಇಲ್ಲ! ಹೊಟ್ಟೆ ತುಂಬಲಿ, ಮೈಗೆ ಶಕ್ತಿ ಬರುವುದು ಬೇಡ ಎಂದೇ? 2020ರ ಕೊರೊನಾ ಕಾಲದಲ್ಲಿ ಕೇಂದ್ರ ಸರಕಾರ ಕಾರ್ಡಿಗೆ ತಿಂಗಳಿಗೆ ಒಂದು ಕಿಲೋ ಬೇಳೆಕಾಳು ಕೆಲವು ತಿಂಗಳು ಕೊಟ್ಟಿತು. ಅಂದರೆ ಕೊಡಲು ಆಗುತ್ತದೆ. 2025ರ ಅಕ್ಟೋಬರಿನಲ್ಲಿ ರಾಜ್ಯ ಸಚಿವ ಸಂಪುಟ ಹೆಚ್ಚುವರಿ ಅಕ್ಕಿಯ ಬದಲು ಬೇಳೆ, ಎಣ್ಣೆ ಇರುವ ಇಂದಿರಾ ಕಿಟ್ ಕೊಡಲು ತೀರ್ಮಾನಿಸಿತು. ಸ್ವಾಗತ. ಆದರೆ ತೀರ್ಮಾನ ಕುದಿಸಿದರೆ ಸಾರಾಗುವುದಿಲ್ಲ. ಸರಕಾರ ಬದಲಾದರೆ ಕಿಟ್ಟಿನ ಹೆಸರೂ ಬದಲಾಗುತ್ತದೆ. ನಮಗೆ ಕಿಟ್ ಅಲ್ಲ, ಕಾಯಿದೆಯಲ್ಲಿ ಬರೆದ ಹಕ್ಕು ಬೇಕು.

1973ರಲ್ಲಿ ಮಂತ್ರಿಯಾಗಿದ್ದ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬಹುಪಾಲು ಬೂಸಾ ಎಂದದ್ದಕ್ಕೆ ಊರೂರಲ್ಲಿ ಬೆಂಕಿ ಎದ್ದಿತ್ತು, ಅವರು ಪದವಿಯನ್ನೇ ಬಿಡಬೇಕಾಯಿತು. ಒಂದು ಮಾತಿಗೆ ಅಷ್ಟು ಉರಿದವರು, ಬೇಳೆ ತಾವಿಟ್ಟುಕೊಂಡು ಬೂಸಾವನ್ನು ನಮ್ಮ ಪಾಲಿಗೆ ಬಿಟ್ಟಾಗ ಎಂದಾದರೂ ಉರಿದರೆ?

ಆದ್ದರಿಂದ ಬಂಧುಗಳೇ, ನಮ್ಮ ಬೇಡಿಕೆ ಇಷ್ಟು.

ಒಂದು: ಆಹಾರ ಭದ್ರತಾ ಕಾಯಿದೆಯಲ್ಲೇ ಬೇಳೆ ಸೇರಲಿ. ಆ ಬೇಳೆಯನ್ನು ನಮ್ಮ ಮಂಡಿಗಳಲ್ಲೇ ಬೆಂಬಲ ಬೆಲೆಗೆ ಕೊಳ್ಳಲಿ. ಬೆಳೆದವನಿಗೂ ಬೆಲೆ, ಕೊಯ್ದವಳಿಗೂ ಬೇಳೆ.

ಎರಡು: ಆಮದು ಎಷ್ಟು, ಸುಂಕ ಎಷ್ಟು ಎಂಬುದನ್ನು ಮುಂಗಾರು ಬಿತ್ತನೆಗೆ ಮೊದಲೇ ಹೇಳಲಿ. ರಾಶಿ ಆಗುವ ತನಕ ಅದನ್ನು ಮುಟ್ಟಬಾರದು. ಹೊರದೇಶದ ರೈತರಿಗೆ ಕೊಟ್ಟ ಮಾತೂ ಮಾತೇ.

ಮೂರು: ಕೊಯ್ಲಿನ ಕೂಲಿ ಬೇಳೆಯ ಬೆಲೆಯೊಂದಿಗೆ ಏರಲಿ. ಹೆಣ್ಣಾಳು ಗಂಡಾಳು ಎಂಬ ಭೇದ ಹೋಗಲಿ.

ನಾಲ್ಕು: ಪಹಣಿ ಇಲ್ಲದ ಗೇಣಿದಾರರಿಗೆ, ಕೋರಿಗೆಯವರಿಗೆ ಖರೀದಿ ಕೇಂದ್ರ ತೆರೆಯಲಿ. ಗೋದಾಮುಗಳಲ್ಲಿ ಇರುವ ದಾಸ್ತಾನಿನ ಲೆಕ್ಕ ಪಂಚಾಯಿತಿ ಹಲಗೆಯ ಮೇಲೆ ಬರಲಿ.

ಐದು: ಭೂಮಿ. ಇದಿಲ್ಲದೆ ಉಳಿದ ನಾಲ್ಕೂ ಅರ್ಧ ನ್ಯಾಯ.

ಈ ಸುಗ್ಗಿಯಲ್ಲಿ ಕೊಯ್ಲಿಗೆ ಹೋಗುವ ಮುಂಚೆ ಕೇರಿ ಕೇರಿಯಲ್ಲಿ ಕೂಡಿ ಕೂತು ಒಂದು ಲೆಕ್ಕ ಹಾಕೋಣ. ಒಂದು ದಿನದ ಕೂಲಿಗೆ ಎಷ್ಟು ಕಿಲೋ ಬ್ಯಾಳಿ ಬರುತ್ತದೆ? ಅದನ್ನು ಸುಣ್ಣದಲ್ಲಿ ಗೋಡೆಯ ಮೇಲೆ ಬರೆಯೋಣ, ಪ್ರತಿ ಅಮಾವಾಸ್ಯೆಗೆ ತಿದ್ದೋಣ. ನಮ್ಮ ಹೆಸರು ಹೇಳಿ ಹಡಗು ತರಿಸುವವರು ಓಟು ಕೇಳಲು ಬಂದಾಗ ಆ ಗೋಡೆಯ ಮುಂದೆ ನಿಲ್ಲಿಸೋಣ. ಓದಲಿ. ಓದಿ ಉತ್ತರ ಹೇಳಲಿ.

ಜೈ ಭೀಮ್!