ಟೈಟಾನಿಕ್‌ನ ನೆನಪು ಬೆಳ್ಳಿತೆರೆಯ ಸೃಷ್ಟಿಯಲ್ಲ

ಟೈಟಾನಿಕ್ ಹಡಗು ಜನಮನದಲ್ಲಿ ಉಳಿದಿರುವುದು ಅದೇ ಹೆಸರಿನ 1997ರ ಚಲನಚಿತ್ರದ ದೆಸೆಯಿಂದಲೇ ಎಂಬ ವಾದವು ಇತಿಹಾಸದ ಕ್ರಮವನ್ನೇ ತಲೆಕೆಳಗು ಮಾಡುತ್ತದೆ. ಆ ನೆನಪು ಉಳಿದದ್ದು ಹಡಗಿನ ದುರಂತವು ಸಮುದ್ರಯಾನದ ನಿಯಮಗಳನ್ನೇ ಬದಲಿಸಿದ್ದರಿಂದ. ಜೀವರಕ್ಷಕ ದೋಣಿಗಳ ಸಂಖ್ಯೆಯನ್ನು ಪ್ರಯಾಣಿಕರ ಲೆಕ್ಕದಲ್ಲಿ ನಿಗದಿಪಡಿಸದೆ ಹಡಗಿನ ಟನ್ನೇಜಿನ, ಅಂದರೆ ಅದರ ಒಳಗಾತ್ರದ, ಲೆಕ್ಕದಲ್ಲಿ ನಿಗದಿಪಡಿಸಿದ್ದ ಬ್ರಿಟಿಷ್ ನಿಯಮವು 10,000 ಟನ್ನಿಗೆ ಮೇಲ್ಪಟ್ಟ ಹಡಗಿಗೆ 16 ದೋಣಿಗಳಷ್ಟನ್ನೇ ಕೇಳುತ್ತಿದ್ದುದರಿಂದ, ಸುಮಾರು 46,000 ಟನ್ನಿನ ಟೈಟಾನಿಕ್ 20 ದೋಣಿಗಳೊಡನೆ ಕಾನೂನುಬದ್ಧವಾಗಿಯೇ ಹೊರಟಿತ್ತು. ಅವುಗಳಲ್ಲಿ 1,178 ಮಂದಿಗೆ ಮಾತ್ರ ಸ್ಥಳವಿತ್ತು, ಹಡಗಿನಲ್ಲಿದ್ದವರು ಸುಮಾರು 2,200. 1912ರ ಏಪ್ರಿಲ್‌ನಲ್ಲಿ ಹಡಗು ಹಿಮಬಂಡೆಗೆ ಬಡಿದು ಮುಳುಗಿ ಸುಮಾರು 1,500 ಮಂದಿ ಪ್ರಾಣ ಕಳೆದುಕೊಂಡ ಬಳಿಕ, 1914ರಲ್ಲಿ ಲಂಡನ್ನಿನಲ್ಲಿ ರೂಪುಗೊಂಡ ಸಮುದ್ರ ಸುರಕ್ಷತಾ ಒಪ್ಪಂದವು ಪ್ರತಿಯೊಬ್ಬರಿಗೂ ದೋಣಿಯಲ್ಲಿ ಸ್ಥಳ, ಹಗಲಿರುಳಿನ ರೇಡಿಯೊ ಕಾವಲು ಹಾಗೂ ಉತ್ತರ ಅಟ್ಲಾಂಟಿಕ್‌ನಲ್ಲಿ ಹಿಮಬಂಡೆಗಳ ಗಸ್ತನ್ನು ಗೊತ್ತುಪಡಿಸಿತು. ಚಲನಚಿತ್ರವು ಈ ನೆನಪನ್ನು ಬಳಸಿಕೊಂಡಿತೇ ಹೊರತು ಹುಟ್ಟಿಸಲಿಲ್ಲ.